ಸರ್ಪಸುತ್ತಿನ ಕೆಮ್ಮಣ್ಣು, ಶುಕ್ರಗ್ರಹದ ನಾಯಿ: ಸ್ಟೀಫನ್ ಲಾ ಅವರ ಎರಡು ಪುಸ್ತಕಗಳು

ಸ್ಟೀಫನ್ ಲಾ ಅನ್ನುವ ಇಂಗ್ಲೆಂಡಿನ ತತ್ವಶಾಸ್ತ್ರಜ್ಞರ ಎರಡು ಪುಸ್ತಕಗಳ ಬಗ್ಗೆ ಬರೆಯುತ್ತಿದ್ದೇನೆ. ಒಂದು 2003ರಲ್ಲಿ ಬಂದ ‘ದ ಫಿಲಾಸಫಿ ಜಿಮ್’, ಇನ್ನೊಂದು 2011ರ ‘ಬಿಲೀವಿಂಗ್ ಬುಲ್‌ಶಿಟ್’. ಒಂದಕ್ಕೆ ಮಾತ್ರ ದುಡ್ಡು ಹಾಕೋದಾದರೆ ಎರಡನೆಯದನ್ನು ತಗೊಳ್ಳಿ. ಔಷಧಿ ಅಂಗಡಿಯವರು, ನರ್ಸುಗಳು, ಆಶಾ ಕಾರ್ಯಕರ್ತೆಯರು, ಹೈಸ್ಕೂಲು ಮೇಷ್ಟ್ರುಗಳು, ಒಟ್ಟಿನಲ್ಲಿ ದಿನಾ ಜನರ ಜೊತೆ ಮಾತಾಡಿ ಅವರಿಗೆ ಏನಾದರೂ ಒಪ್ಪಿಸಬೇಕಾದ ಕೆಲಸ ಇರುವವರು ಅದನ್ನು ಓದಲೇಬೇಕು ಅಂತ ನನ್ನ ಗಟ್ಟಿ ಅಭಿಪ್ರಾಯ.

ನನಗೂ ತತ್ವಶಾಸ್ತ್ರಕ್ಕೂ ಸಂಬಂಧ ಇರಲಿಲ್ಲ. ಡಿ ಫಾರ್ಮಾ ಓದಿದವನು, ದಾವಣಗೆರೆಯಲ್ಲಿ ಚಿಗಟೇರಿ ಆಸ್ಪತ್ರೆ ಕಡೆ ಹೋಗುವ ರಸ್ತೆಯಲ್ಲಿ ಮೆಡಿಕಲ್ ಶಾಪ್ ಇಟ್ಟುಕೊಂಡಿದ್ದೇನೆ. ಜಗಳೂರು, ಚನ್ನಗಿರಿ, ಹರಪನಹಳ್ಳಿ ಕಡೆಯಿಂದ ಬೆಳಗಿನ ಬಸ್ಸಿಗೆ ಬಂದವರು ಓಪಿಡಿ ಮುಗಿಸಿ ಹನ್ನೊಂದು ಗಂಟೆ ಹೊತ್ತಿಗೆ ಚೀಟಿ ಹಿಡಿದು ಕೌಂಟರಿಗೆ ಬರುತ್ತಾರೆ. ಡಾಕ್ಟರ ಮುಂದೆ ಬಾಯಿ ಬಿಡದವರು ನಮ್ಮ ಮುಂದೆ ಬಿಡುತ್ತಾರೆ. “ಅಲ್ರೀ, ಶುಗರ್ ಗುಳಿಗೆ ತಗೊಂಡ್ರೆ ಕಿಡ್ನಿ ಹೋಗ್ತಾವಂತಲ್ಲ?” “ಬೆಂಡೆಕಾಯಿ ನೆನೆಸಿದ ನೀರು ಕುಡುದ್ರೆ ಗುಳಿಗೆ ಬಿಡಬೋದಂತ, ಮೊಬೈಲ್ನಾಗ ಬಂದೈತಿ.” ಇದಕ್ಕೆಲ್ಲ ಸರಿಯುತ್ತರ ನಮಗೆ ಗೊತ್ತು. ಗೊತ್ತಿದ್ದರೆ ಸಾಲದು. ನಾವು ಸರಿಯುತ್ತರ ಹೇಳಿದ ಮೇಲೂ ಎದುರಿಗಿದ್ದವರು ಇನ್ನೊಂದು ಮಾತು ತೆಗೆಯುತ್ತಾರೆ, ಅದಕ್ಕೆ ಹೇಳಿದರೆ ಮತ್ತೊಂದು. ಆ ಎರಡನೇ ಮೂರನೇ ಮಾತು ಎಲ್ಲಿಂದ ಬರುತ್ತದೆ, ಅದರ ಹಿಂದಿನ ಯೋಚನೆ ಹೇಗೆ ಕೆಲಸ ಮಾಡುತ್ತದೆ ಅನ್ನುವುದನ್ನು ಬಿಡಿಸಿ ತೋರಿಸಿದ ಪುಸ್ತಕ ನನಗೆ ಇದೊಂದೇ ಸಿಕ್ಕಿದ್ದು.

ಲಾ ಅವರ ಹಿನ್ನೆಲೆ ಗೊತ್ತಿದ್ದರೆ ಅವರ ಬರವಣಿಗೆ ಯಾಕೆ ಇಷ್ಟು ಸಲೀಸು ಅಂತ ಅರ್ಥ ಆಗುತ್ತದೆ. ಹುಟ್ಟಿದ್ದು 1960ರಲ್ಲಿ. ಶಾಲೆ ಓದು ನೆಟ್ಟಗೆ ಮುಗಿಸಲಿಲ್ಲ, ಪೋಸ್ಟ್‌ಮ್ಯಾನ್ ಆಗಿ ಕಾಗದ ಹಂಚಿಕೊಂಡಿದ್ದರು. ಇಪ್ಪತ್ತು ದಾಟಿದ ಮೇಲೆ ಲಂಡನ್ನಿನ ಸಿಟಿ ಯೂನಿವರ್ಸಿಟಿ ಸೇರಿ ತತ್ವಶಾಸ್ತ್ರ ಓದಿ, ಆಕ್ಸ್‌ಫರ್ಡಿಗೆ ಹೋಗಿ, ಆಮೇಲೆ ಲಂಡನ್ನಿನ ಹೀಥ್ರಾಪ್ ಕಾಲೇಜಿನಲ್ಲಿ ಬಹಳ ವರ್ಷ ಪಾಠ ಮಾಡಿದರು. ಜನಸಾಮಾನ್ಯರಿಗಾಗಿಯೇ ನಡೆಯುವ ‘ಥಿಂಕ್’ ಅನ್ನುವ ತತ್ವಶಾಸ್ತ್ರದ ಪತ್ರಿಕೆಗೂ ಸಂಪಾದಕರಾಗಿದ್ದರು. ವಾಕ್ಯ ಚಿಕ್ಕದು, ಉದಾಹರಣೆ ಮೊದಲು, ಹೆಸರಿಟ್ಟು ಕರೆಯುವುದು ಆಮೇಲೆ. ಪಿಯುಸಿವರೆಗೆ ಇಂಗ್ಲಿಷ್ ಓದಿದವರಿಗೆ, ಪಕ್ಕದಲ್ಲಿ ಮೊಬೈಲ್ ನಿಘಂಟು ಇದ್ದರೆ, ತೊಂದರೆಯಿಲ್ಲ.

‘ಫಿಲಾಸಫಿ ಜಿಮ್’ ಬಗ್ಗೆ ಮೊದಲು ಹೇಳಿ ಮುಗಿಸುತ್ತೇನೆ. ಇಪ್ಪತ್ತೈದು ಅಧ್ಯಾಯ, ಒಂದಕ್ಕೊಂದು ಸಂಬಂಧವಿಲ್ಲ, ಯಾವುದರಿಂದ ಬೇಕಾದರೂ ಶುರು ಮಾಡಬಹುದು. ಇದು ಸುಲಭ, ಇದು ಮಧ್ಯಮ, ಇದು ಕಷ್ಟ ಅಂತ ಪ್ರತಿ ಅಧ್ಯಾಯದ ತಲೆಮೇಲೇ ಗುರುತು ಹಾಕಿದ್ದಾರೆ. ಇದು ಬಹಳ ಒಳ್ಳೆಯ ಏರ್ಪಾಡು, ಎಲ್ಲ ಪುಸ್ತಕದವರೂ ಮಾಡಬೇಕು. ಯಂತ್ರಕ್ಕೆ ಯೋಚನೆ ಬರುತ್ತದೆಯೇ, ದೇವರಿಲ್ಲದೆ ನೀತಿ ಇರಲು ಸಾಧ್ಯವೇ, ಮಾಂಸ ತಿನ್ನಬಹುದೇ, ಪವಾಡದ ಸುದ್ದಿ ಕೇಳಿದಾಗ ಏನು ಮಾಡಬೇಕು, ಹೀಗೆ ನಡೆಯುತ್ತದೆ. ಎಷ್ಟೋ ಕಡೆ ಇಬ್ಬರು ಮಾತಾಡುವ ಸಂಭಾಷಣೆಯಲ್ಲೇ ವಿಷಯ ಬಿಡಿಸುತ್ತಾರೆ. ಕೆಲವು ಅಧ್ಯಾಯ ಸಪ್ಪೆ. ಸಂಖ್ಯೆಗಳು ಎಲ್ಲಿ ‘ಇವೆ’ ಅನ್ನುವ ಅಧ್ಯಾಯ, ಪದಗಳಿಗೆ ಅರ್ಥ ಎಲ್ಲಿಂದ ಬಂತು ಅನ್ನುವ ಅಧ್ಯಾಯ ನನ್ನ ತಲೆಗೆ ಹತ್ತಲಿಲ್ಲ, ಹತ್ತಲೇಬೇಕು ಅಂತಲೂ ಅನಿಸಲಿಲ್ಲ.

ಆದರೆ ಎರಡು ಅಧ್ಯಾಯಕ್ಕೆ ಕೊಟ್ಟ ದುಡ್ಡು ಸಂದಾಯ. ಒಂದು, ನಾಳೆ ಸೂರ್ಯ ಹುಟ್ಟುತ್ತಾನೆ ಅಂತ ನಂಬಲು ಕಾರಣ ಏನು ಅನ್ನುವುದು. ಹದಿನೆಂಟನೇ ಶತಮಾನದ ತತ್ವಶಾಸ್ತ್ರಜ್ಞ ಡೇವಿಡ್ ಹ್ಯೂಮ್ ಎತ್ತಿದ ಪ್ರಶ್ನೆ. ಇಷ್ಟು ದಿನ ಹುಟ್ಟಿದ್ದಾನೆ, ಅದಕ್ಕೇ ನಾಳೆಯೂ ಹುಟ್ಟುತ್ತಾನೆ ಅನ್ನುತ್ತೀರಿ. ಹಿಂದೆ ನಡೆದದ್ದು ಮುಂದೆಯೂ ನಡೆಯುತ್ತದೆ ಅನ್ನುವುದಕ್ಕೆ ಆಧಾರ? ಇಷ್ಟು ದಿನ ಹಾಗೇ ನಡೆದಿದೆ ಅಂದರೆ, ಯಾವುದನ್ನು ಸಾಬೀತು ಮಾಡಬೇಕೋ ಅದನ್ನೇ ಆಧಾರ ಮಾಡಿಕೊಂಡ ಹಾಗಾಯಿತು. ಓದುತ್ತಾ ಓದುತ್ತಾ ಕಾಲಡಿಯ ನೆಲ ಸರಿದಂತೆ ಆಗುತ್ತದೆ. ಲಾ ಇದಕ್ಕೆ ಸುಲಭದ ಉತ್ತರ ಕೊಡುವುದಿಲ್ಲ, ಇದು ಇವತ್ತಿಗೂ ಬಗೆಹರಿಯದ ತೊಡಕು ಅಂತ ನೇರವಾಗಿ ಒಪ್ಪುತ್ತಾರೆ. ಈ ಅಧ್ಯಾಯವನ್ನು ನೆನಪಿಟ್ಟುಕೊಳ್ಳಿ, ಎರಡನೇ ಪುಸ್ತಕದಲ್ಲಿ ಇದು ಬೇರೆ ವೇಷದಲ್ಲಿ ಬರುತ್ತದೆ.

ಇನ್ನೊಂದು, ದಿನನಿತ್ಯ ನಾವು ಮಾಡುವ ಎಂಟು ತರ್ಕದೋಷಗಳ ಅಧ್ಯಾಯ. ಇದನ್ನು ಅಂಗಡಿಯಲ್ಲಿ ನನ್ನ ಜೊತೆ ಕೆಲಸ ಮಾಡುವ ಹುಡುಗನಿಗೆ ಓದಿ ಹೇಳಿದೆ. ಮಧ್ಯಾಹ್ನ ಮೂರರಿಂದ ನಾಲ್ಕೂವರೆ ನಮ್ಮಲ್ಲಿ ಗಿರಾಕಿ ಕಡಿಮೆ, ಸ್ಟಾಕ್ ಜೋಡಿಸುತ್ತಾ ಮಾತಾಡಲು ಆಗುತ್ತದೆ. ಅದರಲ್ಲಿ ಜೂಜುಕೋರನ ದೋಷ ಅಂತ ಒಂದಿದೆ. ನಾಣ್ಯ ಸತತವಾಗಿ ಹೆಡ್ ಬಿದ್ದರೆ ಮುಂದಿನದು ಟೇಲ್ ಬಿದ್ದೇ ಬೀಳುತ್ತದೆ ಅನ್ನುವ ಭ್ರಮೆ. ನಾಣ್ಯಕ್ಕೆ ಹಿಂದಿನದರ ನೆನಪಿಲ್ಲ. ಹುಡುಗ ಕೂಡಲೇ ಅಂದದ್ದು ಓಸಿ ಬರೆಯುವವರ ವಿಷಯ: “ಈ ನಂಬರ್ ಬಂದು ಬಾಳ ದಿನ ಆತು, ಇವತ್ತು ಬರ್ತೈತಿ” ಅಂತ ದುಡ್ಡು ಕಟ್ಟುತ್ತಾರಲ್ಲ, ಅದು. ನನಗೆ ನೆನಪಾದದ್ದು ಮಾತ್ರ ಅದಲ್ಲ. ಮೂರು ಹೆಣ್ಣು ಹೆತ್ತು ರಕ್ತ ಇಲ್ಲದೆ ಬೆಳ್ಳಗಾದ ಹೆಂಗಸು ಐರನ್ ಗುಳಿಗೆ ತಗೊಳ್ಳಲು ಬಂದಾಗ ಪಕ್ಕದಲ್ಲಿ ನಿಂತ ಅತ್ತೆ, “ಮೂರೂ ಹೆಣ್ಣಾಗ್ಯಾವ, ಇನ್ನು ಗಂಡು ಆಗಲೇಬೇಕಲ್ರೀ” ಅಂದದ್ದು. ಅದೂ ಇದೇ ನಾಣ್ಯದ ಲೆಕ್ಕ. ಆ ಲೆಕ್ಕದ ಮೇಲೆ ಒಂದು ಹೆಣ್ಣಿನ ಮೈ ಇನ್ನೊಂದು ಬಸುರಿಗೆ ಹೋಗುತ್ತದೆ. ಲಾ ಅವರ ಪುಸ್ತಕದಲ್ಲಿ ಈ ಉದಾಹರಣೆ ಇಲ್ಲ, ಇರಬೇಕಿತ್ತು.

ಈಗ ‘ಬಿಲೀವಿಂಗ್ ಬುಲ್‌ಶಿಟ್’. ಲಾ ಇಲ್ಲಿ ಒಂದೇ ಪ್ರಶ್ನೆ ಹಿಡಿದು ಕೂರುತ್ತಾರೆ. ಬುದ್ಧಿವಂತರು, ಓದಿದವರು, ವ್ಯವಹಾರದಲ್ಲಿ ಚುರುಕಾಗಿರುವವರು ಕೂಡ ಕೆಲವು ನಂಬಿಕೆಗಳ ಒಳಗೆ ಹೋದ ಮೇಲೆ ಹೊರಗೆ ಬರಲಾರದಂತೆ ಆಗುತ್ತದಲ್ಲ, ಯಾಕೆ? ಅವರು ಇದನ್ನು ಬೌದ್ಧಿಕ ಕಪ್ಪುಕುಳಿ ಅನ್ನುತ್ತಾರೆ. ಒಳಗೆ ಎಳೆದುಕೊಂಡು ಬಿಡದಂಥ ನಂಬಿಕೆಯ ವ್ಯವಸ್ಥೆ. ಅಂಥ ವ್ಯವಸ್ಥೆ ತನ್ನನ್ನು ತಾನು ಕಾಪಾಡಿಕೊಳ್ಳಲು ಬಳಸುವ ಎಂಟು ಪಟ್ಟುಗಳನ್ನು ಎಂಟು ಅಧ್ಯಾಯದಲ್ಲಿ ಬಿಡಿಸುತ್ತಾರೆ. ಎರಡು ಮಾತು ಅವರು ಸ್ಪಷ್ಟವಾಗಿ ಹೇಳಿರುವುದಕ್ಕೆ ಅವರ ಮೇಲೆ ಗೌರವ ಹೆಚ್ಚಾಯಿತು. ಒಂದು, ಇಂಥ ಬಲೆಗೆ ಬೀಳುವವರು ದಡ್ಡರಲ್ಲ. ಎರಡು, ಒಂದು ನಂಬಿಕೆಯನ್ನು ಈ ಪಟ್ಟುಗಳಿಂದ ಕಾಪಾಡುತ್ತಿದ್ದಾರೆ ಅಂದ ಮಾತ್ರಕ್ಕೆ ಆ ನಂಬಿಕೆ ಸುಳ್ಳಾಗಿಬಿಡುವುದಿಲ್ಲ. ತಪ್ಪಿರುವುದು ಕಾಪಾಡುವ ರೀತಿಯಲ್ಲಿ.

ಎರಡನೇ ಅಧ್ಯಾಯ ಪುಸ್ತಕದ ಕಿರೀಟ. ಡೇವ್ ಅಂತ ಒಬ್ಬನಿದ್ದಾನೆ. ನಾಯಿಗಳೆಲ್ಲ ಶುಕ್ರಗ್ರಹದಿಂದ ಬಂದ ಗೂಢಚಾರರು ಅಂತ ಅವನ ನಂಬಿಕೆ. ಶುಕ್ರದ ಮೇಲೆ 460 ಡಿಗ್ರಿ ಬಿಸಿ, ಅಲ್ಲಿ ಏನೂ ಬದುಕಲ್ಲ ಅಂದರೆ, ನೆಲದಡಿ ತಂಪಾದ ಬಂಕರುಗಳಿವೆ ಅನ್ನುತ್ತಾನೆ. ನಾಯಿಗೆ ಮಾತೇ ಬರಲ್ಲವಲ್ಲ ಅಂದರೆ, ಗೂಢಚಾರರು ಮಾತು ಬರುತ್ತದೆ ಅಂತ ತೋರಿಸಿಕೊಳ್ಳುತ್ತಾರೆಯೇ ಅನ್ನುತ್ತಾನೆ. ಸುದ್ದಿ ಕಳಿಸುವ ಯಂತ್ರ ಎಲ್ಲಿ ಅಂದರೆ ಅದಕ್ಕೂ ಒಂದು ಉತ್ತರ. ಅವನ ಕಥೆಗೂ ಕಣ್ಣಿಗೆ ಕಾಣುವ ಸಂಗತಿಗಳಿಗೂ ಎಲ್ಲೂ ಜಗಳವೇ ಬರುವುದಿಲ್ಲ, ಎಲ್ಲವೂ ‘ಹೊಂದುತ್ತದೆ’. ಲಾ ಹೇಳುವುದು ಇದನ್ನೇ. ತಾಳ್ಮೆ, ಕಲ್ಪನೆ ಇದ್ದವನು ಯಾವ ನಂಬಿಕೆಯನ್ನಾದರೂ ಎಲ್ಲ ಸಂಗತಿಗಳಿಗೂ ಹೊಂದಿಸಬಹುದು. ಹೊಂದುವುದು ಬೇರೆ, ಸಾಕ್ಷಿ ಸಿಗುವುದು ಬೇರೆ. ಸಾಕ್ಷಿ ಸಿಕ್ಕಿತು ಅನ್ನಬೇಕಾದರೆ ಆ ನಂಬಿಕೆ ಮೊದಲೇ ಒಂದು ಖಚಿತವಾದ ಮಾತು ಹೇಳಿರಬೇಕು, ನಂಬಿಕೆ ಸುಳ್ಳಾಗಿದ್ದರೆ ಹಾಗೆ ಆಗುವ ಸಂಭವ ಕಡಿಮೆ ಇರಬೇಕು, ಆದರೂ ಅದು ಹಾಗೇ ಆಗಬೇಕು.

ಇದನ್ನು ಓದುವಾಗ ನನ್ನ ಕಣ್ಣ ಮುಂದೆ ಬಂದದ್ದು ಸರ್ಪಸುತ್ತು. ನಮ್ಮ ಕಡೆಯವರಿಗೆ ಹೇಳಬೇಕಾಗಿಲ್ಲ, ಆದರೂ ಹೇಳುತ್ತೇನೆ. ಪಕ್ಕೆಲುಬಿನ ಮೇಲೋ ಸೊಂಟದ ಸುತ್ತವೋ ನೀರುಗುಳ್ಳೆ ಸಾಲಾಗಿ ಏಳುತ್ತವೆ, ಬೆಂಕಿ ಇಟ್ಟಂಥ ಉರಿ. ಹಾವು ಸುತ್ತಿಕೊಳ್ಳುತ್ತಿದೆ, ತಲೆಯೂ ಬಾಲವೂ ಕೂಡಿದರೆ ಜೀವ ಹೋಗುತ್ತದೆ ಅನ್ನುವ ನಂಬಿಕೆ. ಕೂಡದಂತೆ ತಡೆಯಲು ಕೆಮ್ಮಣ್ಣು ಕಲಸಿ ಹಚ್ಚುತ್ತಾರೆ, ಮಂತ್ರ ಹಾಕಿಸುತ್ತಾರೆ. ಜಗಳೂರು ಕಡೆಯ ಹಳ್ಳಿಯ ಒಬ್ಬ ಹಿರಿಯರು ಮಗನ ಜೊತೆ ಬಂದಿದ್ದರು. ಅಂಗಿ ಎತ್ತಿ ತೋರಿಸಿದರು: ಬಲಗಡೆ ಬೆನ್ನಿನಿಂದ ಎದೆಯ ನಡುವಿನವರೆಗೆ ಒಣಗಿ ಬಿರುಕು ಬಿಟ್ಟ ಕೆಮ್ಮಣ್ಣು, ಬಿರುಕಿನ ನಡುವೆ ಕೆಂಪಗೆ ಹಸಿ ಚರ್ಮ, ಅಂಗಿಯ ಒಳಭಾಗಕ್ಕೆಲ್ಲ ಮಣ್ಣು ಮೆತ್ತಿಕೊಂಡು ಗಟ್ಟಿಯಾಗಿತ್ತು. ಗುಳ್ಳೆ ಎದ್ದು ವಾರ ದಾಟಿತ್ತು. ಚೀಟಿಯಲ್ಲಿ ಬರೀ ನೋವಿನ ಗುಳಿಗೆ ಇತ್ತು. ಯಾಕೆಂದರೆ ಇದರ ವೈರಸ್ ತಡೆಯುವ ಅಸೈಕ್ಲೋವಿರ್ ಗುಳಿಗೆ ಕೊಡುವ ಹೊತ್ತು ಮೀರಿತ್ತು. ಗುಳ್ಳೆ ಎದ್ದ 72 ಗಂಟೆಯೊಳಗೆ ಶುರು ಮಾಡಿದರೆ ಅದರಿಂದ ಚೆನ್ನಾಗಿ ಪ್ರಯೋಜನ. 800 ಮಿಲಿಗ್ರಾಂ, ದಿನಕ್ಕೆ ಐದು ಸಲ, ಏಳು ದಿನ. ವಯಸ್ಸಾದವರಿಗೆ ಗುಳ್ಳೆ ಮಾಯ್ದ ಮೇಲೂ ತಿಂಗಳುಗಟ್ಟಲೆ ನರದ ನೋವು ಉಳಿಯುವುದುಂಟು. ಮಗ ಹೇಳಿದ ಮಾತು: “ಮಣ್ಣು ಹಚ್ಚಿದ್ದಕ್ಕ ನೋಡ್ರಿ ಅರ್ಧಕ್ಕ ನಿಂತೈತಿ, ಇಲ್ಲಂದ್ರ ಸುತ್ತು ಹಾಕಿಬಿಡ್ತಿತ್ತು.”

ಅದು ಅರ್ಧಕ್ಕೆ ನಿಲ್ಲುವುದು ಹೀಗೆ. ಚಿಕ್ಕಂದಿನಲ್ಲಿ ನಾವು ‘ಅಮ್ಮ’ ಅನ್ನುವ ಚಿಕನ್‌ಪಾಕ್ಸ್ ಬಂದಿರುತ್ತದಲ್ಲ, ಅದೇ ವೈರಸ್ ಮೈಬಿಟ್ಟು ಹೋಗುವುದಿಲ್ಲ. ಬೆನ್ನುಹುರಿಯ ಪಕ್ಕದ ನರದ ಗಂಟಿನಲ್ಲಿ ಅಡಗಿರುತ್ತದೆ. ವಯಸ್ಸಾಗಿ ಮೈಯ ಶಕ್ತಿ ಕುಂದಿದಾಗ ಆ ಒಂದು ನರದ ಜಾಡು ಹಿಡಿದು ಚರ್ಮಕ್ಕೆ ಬರುತ್ತದೆ. ಎಡಗಡೆಯ ನರ ಎಡಕ್ಕೆ, ಬಲಗಡೆಯದು ಬಲಕ್ಕೆ. ಎರಡರ ಗಡಿ ಮೈಯ ನಟ್ಟನಡುವೆ. ಹಾಗಾಗಿ ಬಹುಪಾಲು ಎಲ್ಲರಿಗೂ ಗುಳ್ಳೆ ಒಂದೇ ಪಕ್ಕಕ್ಕೆ ಬಂದು ನಡುಗೆರೆಗೆ ನಿಂತುಬಿಡುತ್ತದೆ. ಕೆಮ್ಮಣ್ಣು ಹಚ್ಚಿದರೂ ನಿಲ್ಲುತ್ತದೆ, ಹಚ್ಚದಿದ್ದರೂ ನಿಲ್ಲುತ್ತದೆ. ಎರಡು ಮೂರು ವಾರಕ್ಕೆ ತಾನಾಗೇ ಒಣಗುತ್ತದೆ.

ಈಗ ನೋಡಿ, ಈ ನಂಬಿಕೆ ಎಷ್ಟು ಭದ್ರವಾಗಿ ಕೂತಿದೆ. ತಲೆ-ಬಾಲ ಕೂಡಲಿಲ್ಲ, ಕೆಮ್ಮಣ್ಣು ಕೆಲಸ ಮಾಡಿತು. ಒಣಗಿತು, ಕೆಮ್ಮಣ್ಣು ಕೆಲಸ ಮಾಡಿತು. ನೋವು ಉಳಿಯಿತು, ವಿಷ ಪೂರ್ತಿ ಇಳಿದಿಲ್ಲ, ಇನ್ನೊಂದು ಸಲ ಹಚ್ಚಬೇಕು. ಹಳ್ಳಿಯಲ್ಲಿ ತಲೆತಲಾಂತರದಿಂದ ಕಂಡ ಎಲ್ಲ ಸರ್ಪಸುತ್ತೂ ಈ ನಂಬಿಕೆಗೆ ಹೊಂದುತ್ತಲೇ ಬಂದಿದೆ. ಅವರು ಕಣ್ಣಾರೆ ಕಂಡದ್ದನ್ನೇ ಹೇಳುತ್ತಿದ್ದಾರೆ, ಸುಳ್ಳು ಹೇಳುತ್ತಿಲ್ಲ. ಕೇಳದೆ ಬಿಟ್ಟಿರುವ ಪ್ರಶ್ನೆ ಒಂದೇ: ಮಣ್ಣು ಹಚ್ಚದಿದ್ದರೆ ಏನಾಗುತ್ತಿತ್ತು? ಲಾ ಅವರನ್ನು ಓದಿದ ಮೇಲೆ ನಾನು ಕೌಂಟರಿನಲ್ಲಿ ‘ಅದೆಲ್ಲ ಮೂಢನಂಬಿಕೆ’ ಅನ್ನುವ ಮಾತು ಆಡುವುದಿಲ್ಲ. ಈ ಪ್ರಶ್ನೆ ಕೇಳುತ್ತೇನೆ, ನರದ ಜಾಡನ್ನು ನನ್ನ ಮೈಮೇಲೆ ಬೆರಳಿಟ್ಟು ತೋರಿಸುತ್ತೇನೆ, ಮನೆಯಲ್ಲಿ ಇನ್ಯಾರಿಗಾದರೂ ಹೀಗೆ ಗುಳ್ಳೆ ಎದ್ದರೆ ಮೊದಲ ದಿನವೇ ಬನ್ನಿ, ಮಣ್ಣು ಆಮೇಲೆ ನೋಡೋಣ ಅನ್ನುತ್ತೇನೆ. ಕೇಳಿಸಿಕೊಳ್ಳುತ್ತಾರೆ. ಮೊದಲ ದಿನವೇ ಬಂದವರೂ ಇದ್ದಾರೆ.

ಏಳನೇ ಅಧ್ಯಾಯ ಅನುಭವದ ಕಥೆಗಳನ್ನು ರಾಶಿ ಹಾಕುವ ಬಗ್ಗೆ. ಒಬ್ಬರ ಮಾತಾದರೆ ಬಿಡಬಹುದು, ಸಾವಿರ ಜನ ಹೇಳುತ್ತಾರಲ್ಲ, ಎಲ್ಲರೂ ಸುಳ್ಳೇ ಅನ್ನುವ ವಾದ. ಲಾ ಅವರ ಉತ್ತರ: ಆ ವಿಷಯ ಪೂರ್ತಿ ಸುಳ್ಳಾಗಿದ್ದರೂ ಇಂಥ ಕಥೆಗಳು ರಾಶಿರಾಶಿ ಸಿಗುತ್ತಲೇ ಇದ್ದವು. ಕಾಕತಾಳೀಯ, ನೆನಪಿನ ಆಯ್ಕೆ, ತಾನಾಗೇ ವಾಸಿಯಾಗುವ ಕಾಯಿಲೆ ಇವೆಲ್ಲ ಸೇರಿ ರಾಶಿಯನ್ನು ಬೆಳೆಸುತ್ತವೆ. ಹಾಗಾದ ಮೇಲೆ ರಾಶಿ ಇದೆ ಅನ್ನುವುದರಿಂದ ಏನೂ ತಿಳಿಯುವುದಿಲ್ಲ.

ನಮ್ಮಲ್ಲಿ ಇದರ ಪಾಠ ಕಾಮಾಲೆ. “ಕಾಮಾಲಿಗೆ ಇಂಗ್ಲಿಷ್ ಔಷಧಿ ಇಲ್ಲ” ಅನ್ನುವುದು ಓದಿದವರ ಬಾಯಲ್ಲೂ ಇದೆ. ಅದರಲ್ಲಿ ಒಂದು ನಿಜವಿದೆ. ಕೊಳಕು ನೀರಿನಿಂದ ಬರುವ ಹೆಪಟೈಟಿಸ್ ಎ ಕಾಮಾಲೆಗೆ ಅದನ್ನೇ ಕೊಲ್ಲುವ ಗುಳಿಗೆ ಇಲ್ಲ. ವಿಶ್ರಾಂತಿ, ಹಿತವಾದ ಊಟ, ಕೆಲವು ವಾರ ಕಳೆದರೆ ಬಹುಪಾಲು ಮಂದಿಗೆ ಮೈಯೇ ವಾಸಿ ಮಾಡಿಕೊಳ್ಳುತ್ತದೆ. ಆ ಕೆಲವು ವಾರದಲ್ಲಿ ಯಾರು ಬೆಳಗಿನ ಜಾವ ಸೊಪ್ಪಿನ ರಸ ಕುಡಿಸಿದರೋ ಅವರಿಗೆ ಹೆಸರು. ವಾಸಿಯಾದ ಪ್ರತಿಯೊಬ್ಬನೂ ನಾಲ್ಕು ಊರಿಗೆ ಹೇಳುತ್ತಾನೆ. ಆದರೆ ಕಣ್ಣು ಹಳದಿಯಾಗುವುದು ಪಿತ್ತನಾಳಕ್ಕೆ ಕಲ್ಲು ಸಿಕ್ಕಿದ್ದರೂ ಆಗುತ್ತದೆ, ಹೆಪಟೈಟಿಸ್ ಬಿ ಇದ್ದರೂ ಆಗುತ್ತದೆ, ಇಲಿಜ್ವರದಲ್ಲೂ ಆಗುತ್ತದೆ, ಕ್ಯಾನ್ಸರಿನಲ್ಲೂ ಆಗುತ್ತದೆ. ಅಂಥವರೂ ಅದೇ ಸೊಪ್ಪಿನ ರಸಕ್ಕೆ ಹೋಗಿ ಕೂರುತ್ತಾರೆ. ಅವರಲ್ಲಿ ತೀರಿಕೊಂಡವರು ಯಾವ ಊರಿಗೂ ಹೋಗಿ ಕಥೆ ಹೇಳುವುದಿಲ್ಲ. ನಮ್ಮ ಕಿವಿಗೆ ಬೀಳುವುದು ಉಳಿದವರ ಮಾತು ಮಾತ್ರ. ಏಳನೇ ಅಧ್ಯಾಯ ಓದಿದ ಮೇಲೆ ಈ ವಿಷಯ ನನಗೆ ಬರೀ ತರ್ಕದ ವಿಷಯವಾಗಿ ಕಾಣುವುದಿಲ್ಲ. ಕಣ್ಣು ಹಳದಿಯಾದವರು ರಕ್ತಪರೀಕ್ಷೆ, ಸ್ಕ್ಯಾನಿಂಗ್ ಮಾಡಿಸಿದ ಮೇಲೆ ಬೇಕಾದ್ದು ಕುಡಿಯಲಿ ಅಂತ ಕೈಮುಗಿದು ಹೇಳುತ್ತೇನೆ.

ಮೂರನೇ ಅಧ್ಯಾಯಕ್ಕೆ ‘ಗೋಯಿಂಗ್ ನ್ಯೂಕ್ಲಿಯರ್’ ಅಂತ ಹೆಸರು. ವಾದದಲ್ಲಿ ಸೋಲು ಕಂಡಾಗ ಅಣುಬಾಂಬ್ ಹಾಕುವುದು: “ಎಲ್ಲಾ ನಂಬಿಕೆಯೇ. ನಿಮ್ಮ ವಿಜ್ಞಾನವೂ ಒಂದು ನಂಬಿಕೆ, ನನ್ನದೂ ಒಂದು ನಂಬಿಕೆ.” ಇಲ್ಲೇ ಹ್ಯೂಮ್ ಪ್ರಶ್ನೆ ವೇಷ ಬದಲಿಸಿ ಬರುವುದು. ತರ್ಕಕ್ಕೇ ಕೊನೆಯ ಆಧಾರ ಕೊಡಲು ಆಗದು ಅನ್ನುವುದು ತತ್ವಶಾಸ್ತ್ರದಲ್ಲಿ ಗಂಭೀರವಾದ ಸಂಶಯ. ಅದನ್ನು ಇವರು ವಾದ ಮುಗಿಸಲು ಆಯುಧ ಮಾಡಿಕೊಳ್ಳುತ್ತಾರೆ. ಲಾ ಕೇಳುವುದು ಇಷ್ಟೇ: ನೀವು ನಿಜವಾಗಿ ಆ ಸಂಶಯವನ್ನು ಒಪ್ಪಿದ್ದರೆ ನಿಮ್ಮ ನಂಬಿಕೆಯೂ ಆ ಬಾಂಬಿಗೆ ಪುಡಿಯಾಯಿತಲ್ಲ? ಅದೂ ಅಲ್ಲದೆ ಬೇರೆ ಎಲ್ಲ ಹೊತ್ತಿನಲ್ಲೂ ನೀವು ತರ್ಕವನ್ನೇ ನೆಚ್ಚಿಕೊಂಡು ಬದುಕುತ್ತೀರಲ್ಲ? ಒಬ್ಬರು ಇಂಜಿನಿಯರು, ಸಂಭಾವಿತರು, ಬಿಪಿ ಗುಳಿಗೆ ಬಿಟ್ಟು ಯಾವುದೋ ಕಾಂತದ ಹಾಸಿಗೆ ಕೊಂಡಿದ್ದರು. ಅದರ ಬಗ್ಗೆ ನನ್ನ ಜೊತೆ ಬಹಳ ಹೊತ್ತು ಮಾತಾಡಿ ಕಡೆಗೆ ಇದೇ ಮಾತಿಗೆ ಬಂದರು. ಹಾಗೆ ಮಾತಾಡುತ್ತಲೇ ಮೊಮ್ಮಗಳಿಗೆ ಕೊಂಡ ಸಿರಪ್ಪಿನ ಬಾಟಲಿಯನ್ನು ಬೆಳಕಿಗೆ ಹಿಡಿದು ಎಕ್ಸ್‌ಪೈರಿ ದಿನಾಂಕ ಓದುತ್ತಿದ್ದರು. ಆ ದಿನಾಂಕ ಪರೀಕ್ಷೆ ಮಾಡಿಯೇ ಹಾಕಿರುವುದು, ಅದನ್ನು ನಂಬಿದ್ದೀರಿ, ಅದೇ ಪರೀಕ್ಷೆಯನ್ನು ಹಾಸಿಗೆಗೂ ಕೇಳಿ ಅಂದೆ. ಅವರು ಸುಮ್ಮನೆ ಯೋಚನೆ ಮಾಡಿದರು. ಗುಳಿಗೆ ಮತ್ತೆ ತಗೊಳ್ಳುತ್ತಿದ್ದಾರೆ. ನಾನು ಹೇಳಿದ್ದಕ್ಕೋ, ಮಗಳು ಬೈದದ್ದಕ್ಕೋ, ಅದು ಮುಖ್ಯವಲ್ಲ.

ಈ ಒಂದು ಕಾರಣಕ್ಕೆ ಎರಡೂ ಪುಸ್ತಕ ಸೇರಿಸಿ ಓದಿದರೆ ಒಳ್ಳೆಯದು. ಮೊದಲನೆಯದು ಸಂಶಯ ಎಷ್ಟು ಆಳಕ್ಕೆ ಇಳಿಯಬಲ್ಲದು ಅಂತ ತೋರಿಸುತ್ತದೆ. ಅದೇ ಆಳವನ್ನು ತೋರಿಸಿ ಯಾಮಾರಿಸುವವರನ್ನು ಹೇಗೆ ಹಿಡಿಯಬೇಕು ಅಂತ ಎರಡನೆಯದು ತೋರಿಸುತ್ತದೆ. ಬರೀ ಎರಡನೆಯದನ್ನು ಓದಿದವರಿಗೆ ಮೂರನೇ ಅಧ್ಯಾಯ ಸ್ವಲ್ಪ ತೆಳುವಾಗಿ ಕಾಣಬಹುದು.

ಮೊದಲ ಅಧ್ಯಾಯ ‘ವಿಜ್ಞಾನಕ್ಕೆ ನಿಲುಕದ್ದು’ ಅನ್ನುವ ಪಟ್ಟಿನ ಬಗ್ಗೆ. ವಿಜ್ಞಾನಕ್ಕೆ ನಿಲುಕದ ಪ್ರಶ್ನೆಗಳು ಇರಬಹುದು ಅಂತ ಲಾ ಒಪ್ಪುತ್ತಾರೆ. ಆದರೆ ಕಾಯಿಲೆ ವಾಸಿಯಾಗುತ್ತದೆ, ಮಳೆ ಬರುತ್ತದೆ, ಕಳೆದದ್ದು ಸಿಗುತ್ತದೆ ಅಂತ ಕಣ್ಣಿಗೆ ಕಾಣುವ ಫಲ ಹೇಳಿದ ಕೂಡಲೇ ಅದನ್ನು ಪರೀಕ್ಷೆ ಮಾಡಬಹುದು. ನಮ್ಮ ನಾಡಿನಲ್ಲಿ ಈ ಮಾತು ಹೊಸದಲ್ಲ. ಎಚ್. ನರಸಿಂಹಯ್ಯನವರು ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದಾಗ 1976ರಲ್ಲಿ ಪವಾಡ, ಮೂಢನಂಬಿಕೆಗಳ ಪರೀಕ್ಷೆಗೆ ಸಮಿತಿ ಮಾಡಿ, ಪವಾಡ ಮಾಡುತ್ತೇವೆ ಅನ್ನುವವರನ್ನು ಬಹಿರಂಗವಾಗಿ ಕರೆದಿದ್ದರು. ಪವಾಡ ಬಯಲು ಕಾರ್ಯಕ್ರಮಗಳನ್ನು ನಮ್ಮ ತಲೆಮಾರಿನವರು ಶಾಲೆಯ ಅಂಗಳದಲ್ಲೇ ನೋಡಿದ್ದೇವೆ. ಅವು ಬಹಳ ದೊಡ್ಡ ಕೆಲಸ ಮಾಡಿವೆ. ಆದರೆ ತೆಂಗಿನಕಾಯಿಯೊಳಗಿಂದ ಕೆಂಪು ನೀರು ಬರುವ ಗುಟ್ಟು ಬಯಲಾದ ಮೇಲೂ ಜನ “ಇವನೊಬ್ಬ ಕಳ್ಳ ಇರಬೋದು, ನಿಜವಾದೋರೂ ಇದ್ದಾರ” ಅನ್ನುತ್ತಾ ಎದ್ದು ಹೋಗುತ್ತಾರೆ. 1995ರ ಸೆಪ್ಟೆಂಬರ್ 21ರಂದು ಗಣಪತಿ ಹಾಲು ಕುಡಿದ ಸುದ್ದಿ ಹಬ್ಬಿದಾಗ, ಹಾಲಿಗೆ ಬಣ್ಣ ಬೆರೆಸಿ ಅದು ಮೂರ್ತಿಯ ಮೈಮೇಲೇ ತೆಳ್ಳಗೆ ಹರಿದು ಇಳಿಯುವುದನ್ನು ವಿಜ್ಞಾನಿಗಳು ಆಗಲೇ ತೋರಿಸಿದ್ದರು. ಇವತ್ತಿಗೂ “ಹಂಗಾದ್ರ ಅವತ್ತೊಂದಿನ ಮಾತ್ರ ಯಾಕ ಕುಡೀತು?” ಅಂತ ಕೇಳುವವರಿದ್ದಾರೆ. ಗುಟ್ಟು ಬಯಲಾದ ಮೇಲೆ ಶುರುವಾಗುವ ಈ ಮಾತುಕತೆಗೆ ನಮ್ಮಲ್ಲಿ ಸಾಮಗ್ರಿ ಕಡಿಮೆ. ಲಾ ಅವರ ಕೆಲಸ ಇರುವುದು ಸರಿಯಾಗಿ ಇದೇ ಜಾಗದಲ್ಲಿ.

ಉಳಿದ ಅಧ್ಯಾಯಗಳಲ್ಲಿ ಮಾತಿನ ಅರ್ಥವನ್ನು ಬೇಕಾದಂತೆ ಸರಿಸುವುದು, ‘ನನಗೆ ಒಳಗಿನಿಂದ ಗೊತ್ತು’ ಅನ್ನುವುದು, ಗಹನವಾಗಿ ಕಾಣುವ ಪೊಳ್ಳು ಮಾತು ಬರುತ್ತವೆ. ಪೊಳ್ಳು ಮಾತಿನ ಅಧ್ಯಾಯ ಚಿಕ್ಕದು, ಚೊಕ್ಕದು. ಎಂಟನೆಯದು ಮನಸ್ಸಿನ ಗುಂಡಿ ಒತ್ತುವವರ ಬಗ್ಗೆ: ಒಂಟಿಯಾಗಿಸುವುದು, ಹತೋಟಿಯಲ್ಲಿಡುವುದು, ಅನಿಶ್ಚಿತತೆ ಹುಟ್ಟಿಸುವುದು, ಹೇಳಿದ್ದನ್ನೇ ಹೇಳುವುದು, ಭಾವನೆ ಕೆರಳಿಸುವುದು. ನಮ್ಮೂರಿನ ಒಂದು ಕಲ್ಯಾಣ ಮಂಟಪದಲ್ಲಿ ಪೌಷ್ಟಿಕಾಂಶದ ಪುಡಿ ಮಾರುವ ಚೈನ್ ಮಾರ್ಕೆಟಿಂಗ್ ಸಭೆಗೆ ಪರಿಚಯದವರು ಕರೆದುಕೊಂಡು ಹೋಗಿದ್ದರು. ಬಾಗಿಲು ಮುಚ್ಚಿ, ಮೊಬೈಲ್ ಆಫ್ ಮಾಡಿಸಿ, ಜೋರು ಹಾಡು ಹಾಕಿ, ಒಬ್ಬೊಬ್ಬರನ್ನೇ ವೇದಿಕೆಗೆ ಕರೆದು ಅಳಿಸಿ ಚಪ್ಪಾಳೆ ತಟ್ಟಿಸಿದರು. ಎಂಟನೇ ಅಧ್ಯಾಯದ ಐದೂ ಗುಂಡಿಗಳು ಒಂದೇ ಮಧ್ಯಾಹ್ನದಲ್ಲಿ. ಅಲ್ಲಿ ಪುಡಿ ಕೊಂಡವರಲ್ಲಿ ನನ್ನ ಶುಗರ್ ಗಿರಾಕಿಗಳೂ ಇದ್ದರು ಅನ್ನುವುದು ನನಗೆ ಇವತ್ತಿಗೂ ಸಂಕಟ.

ಕೊರತೆಗಳೂ ಇವೆ. ಉದಾಹರಣೆಗಳಲ್ಲಿ ಬಹುಪಾಲು ಪಶ್ಚಿಮದ ಕ್ರೈಸ್ತ ವಾದಗಳ ಸುತ್ತ ತಿರುಗುತ್ತವೆ. ಭೂಮಿ ಹುಟ್ಟಿ ಕೆಲವೇ ಸಾವಿರ ವರ್ಷ ಅನ್ನುವವರ ಜೊತೆಗಿನ ವಾದಕ್ಕೆ ಎಷ್ಟೊಂದು ಪುಟ ಹೋಗಿದೆ. ದಾವಣಗೆರೆಯಲ್ಲಿ ಆ ವಾದ ಮಾಡುವವರನ್ನು ನಾನಂತೂ ಕಂಡಿಲ್ಲ. ಕೊನೆಯಲ್ಲಿರುವ ‘ಟೇಪ್‌ಸ್ಕ್ರೂ ಲೆಟರ್ಸ್’ ಸಿ. ಎಸ್. ಲೂಯಿಸ್ ಅನ್ನುವ ಕ್ರೈಸ್ತ ಲೇಖಕರು ಬರೆದ ಹಳೆಯ ಪತ್ರರೂಪದ ಪುಸ್ತಕವೊಂದರ ಅಣಕು. ಮೂಲ ಓದದವರಿಗೆ ಅದು ಹಿಡಿಸುವುದು ಕಷ್ಟ, ಬಿಟ್ಟರೂ ನಷ್ಟವಿಲ್ಲ. ಪುಸ್ತಕದ ಹೆಸರಂತೂ ಮನೆಯಲ್ಲಿ ಹಿರಿಯರ ಕೈಗೆ ಕೊಡುವ ಹಾಗಿಲ್ಲ. ನನ್ನ ಪ್ರತಿಗೆ ಕ್ಯಾಲೆಂಡರ್ ಹಾಳೆಯ ರಟ್ಟು ಹಾಕಿದ್ದೇನೆ.

ಇದಕ್ಕಿಂತ ದೊಡ್ಡ ಕೊರತೆ ಇನ್ನೊಂದು. ಲಾ ಅವರ ಪುಸ್ತಕದಲ್ಲಿ ನಂಬಿಕೆ ಅಂದರೆ ಒಬ್ಬ ವ್ಯಕ್ತಿಯ ತಲೆಯೊಳಗಿನ ವಾದ. ನಮ್ಮಲ್ಲಿ ನಂಬಿಕೆ ಮನೆಯದು, ಕೇರಿಯದು, ಬಸ್ ಚಾರ್ಜಿನದು. ಜಗಳೂರಿನ ಆ ಹಿರಿಯರ ಊರಿನಿಂದ ಆಸ್ಪತ್ರೆಗೆ ಬರಬೇಕಾದರೆ ಮಗನ ಒಂದು ದಿನದ ಕೂಲಿ ಹೋಗುತ್ತದೆ. ಕೆಮ್ಮಣ್ಣು ಹಚ್ಚುವವರು ಪಕ್ಕದ ಬೀದಿಯಲ್ಲೇ ಇದ್ದಾರೆ, ದುಡ್ಡು ಕೇಳುವುದಿಲ್ಲ, ಕೂರಿಸಿ ನೋವು ಎಲ್ಲಿ ಅಂತ ಸಮಾಧಾನವಾಗಿ ಕೇಳುತ್ತಾರೆ. ಆ ಸಮಾಧಾನ ನಮ್ಮ ಓಪಿಡಿ ಸಾಲಿನಲ್ಲಿ ಸಿಗುವುದಿಲ್ಲ. ಎಂಟು ಪಟ್ಟುಗಳ ಪಟ್ಟಿಯಲ್ಲಿ ಇದಕ್ಕೆ ಜಾಗ ಇಲ್ಲ, ತರ್ಕ ಕಲಿಸುವ ಪುಸ್ತಕದಿಂದ ಪೂರ್ತಿ ನಿರೀಕ್ಷಿಸುವುದೂ ನ್ಯಾಯವಲ್ಲ. ಆದರೂ ಒಂದು ಅಧ್ಯಾಯ ಇದಕ್ಕೆ ಮೀಸಲಿಟ್ಟಿ‌ದ್ದರೆ ಪುಸ್ತಕದ ತೂಕವೇ ಬೇರೆಯಾಗುತ್ತಿತ್ತು.

ಕೊಳ್ಳುವವರಿಗೆ: ಎರಡೂ ಆನ್‌ಲೈನಿನಲ್ಲಿ ಸಿಗುತ್ತವೆ, ಹಳೆ ಪ್ರತಿ ಸಿಕ್ಕರೆ ಅದೇ ಸಾಕು. ಪಿಯುಸಿ, ಡಿಗ್ರಿ ಓದುವ ಮಕ್ಕಳಿಗೆ ‘ಜಿಮ್’ ಕೊಡಿ, ತಲೆಮೇಲೆ ಸುಲಭ ಅಂತ ಗುರುತಿರುವ ಅಧ್ಯಾಯಗಳನ್ನು ಮೊದಲು ಓದಲಿ, ಎಂಟು ದೋಷಗಳದ್ದನ್ನು ಗಟ್ಟಿಯಾಗಿ ಓದಿಸಿ. ಆಸ್ಪತ್ರೆ, ಅಂಗಡಿ, ಶಾಲೆಯಲ್ಲಿ ಕೆಲಸ ಮಾಡುವವರು ‘ಬಿಲೀವಿಂಗ್ ಬುಲ್‌ಶಿಟ್’ ತಗೊಂಡು ಪೀಠಿಕೆ ಆದ ಮೇಲೆ ನೇರವಾಗಿ ಎರಡನೇ ಅಧ್ಯಾಯಕ್ಕೆ, ಅಲ್ಲಿಂದ ಏಳಕ್ಕೆ, ಆಮೇಲೆ ಒಂದು ಮತ್ತು ಮೂರಕ್ಕೆ ಹೋಗಿ. ಕೈಯಲ್ಲಿ ಪೆನ್ಸಿಲ್ ಇರಲಿ. ಪ್ರತಿ ಉದಾಹರಣೆಯ ಪಕ್ಕ ನಿಮ್ಮೂರಿನ ಒಂದು ಉದಾಹರಣೆ ಬರೆಯಿರಿ. ನನ್ನ ಪ್ರತಿಯ ಅಂಚುಗಳಲ್ಲಿ ಸರ್ಪಸುತ್ತು, ಕಾಮಾಲೆ, ಓಸಿ ನಂಬರು ಎಲ್ಲ ತುಂಬಿವೆ. ದಾವಣಗೆರೆಯವರು ಯಾರಾದರೂ ಓದಬೇಕು ಅಂದರೆ ಮಧ್ಯಾಹ್ನ ಮೂರರ ಮೇಲೆ ಅಂಗಡಿಗೆ ಬಂದರೆ ಅದೇ ಪ್ರತಿ ಕೊಡುತ್ತೇನೆ. ಅಂಚಿನಲ್ಲಿ ಇನ್ನೂ ಜಾಗ ಇದೆ, ನಿಮ್ಮದನ್ನೂ ಬರೆದು ತಂದುಕೊಡಿ.